ಕಿಮೋನೊಗೆ ಇಲ್ಲದ ಸೈಜು

ಕಿಮೋನೊಗೆ ಸೈಜು ಇರಲಿಲ್ಲ ಎಂದರೆ ದೊಡ್ಡ ಉತ್ಪ್ರೇಕ್ಷೆಯೇನಲ್ಲ. ಸುಮಾರು 12 ಮೀಟರ್ ಉದ್ದ, ಒಂದು ಮೊಳಕ್ಕೂ ಕಡಿಮೆ ಅಗಲದ ಬಟ್ಟೆಯನ್ನು ನೇರ ಪಟ್ಟಿಗಳಾಗಿ ಕತ್ತರಿಸಿ ಹೊಲಿಯುತ್ತಾರೆ. ಉದ್ದ ಹೆಚ್ಚಾಯಿತೋ, ಸೊಂಟದಲ್ಲಿ ಮಡಿಸಿ ಕಟ್ಟಿದರಾಯಿತು. ಸೊಂಟ ಸಣ್ಣಗಿದ್ದವರು ಈಗಲೂ ಒಳಗೆ ಟವೆಲ್ ಸುತ್ತಿ ದಪ್ಪ ಮಾಡಿಕೊಳ್ಳುತ್ತಾರೆ. ನಮ್ಮಲ್ಲೂ ಸೀರೆಗೆ ಯಾರೂ ಅಳತೆ ಕೇಳುವುದಿಲ್ಲ, ಟೇಲರ್ ಟೇಪು ತೆಗೆಯುವುದು ರವಿಕೆಗೆ ಮಾತ್ರ. ಉಬ್ಬಿದ ಕೆನ್ನೆಯ ಒಕಾಮೆ ಎಂಬ ಹೆಣ್ಣು ಮುಖವಾಡ ಜಪಾನಿನಲ್ಲಿ ಅದೃಷ್ಟದ ಗುರುತು.

ಟೇಪು ಬಂದದ್ದು ಪಾಶ್ಚಾತ್ಯ ಉಡುಪಿನ ಜೊತೆ. 1967ರಲ್ಲಿ ಕಡ್ಡಿಯಂಥ ಮಾಡೆಲ್ ಟ್ವಿಗಿ ಜಪಾನಿಗೆ ಬಂದಾಗ ಮಿನಿಸ್ಕರ್ಟ್ ಹುಚ್ಚು ಜೋರಾಗಿತ್ತು. ರೆಡಿಮೇಡ್ ಅಂಗಡಿಗಳಲ್ಲಿ ಹೆಂಗಸರ ಬಟ್ಟೆಗೆ 7, 9, 11 ಎಂದು ನಂಬರು. 9 ಎಂದರೆ ಮೀಡಿಯಂ. ಇದರ ಮೇಲೆ 'ಫ್ರೀ ಸೈಜ್' ಬೇರೆ: ಎಲ್ಲರಿಗೂ ಆಗುತ್ತದೆ ಎಂಬ ಹೆಸರಿನ, ಎಲ್ಲರಿಗೂ ಆಗದ ಬಟ್ಟೆ.

2008ರಲ್ಲಿ ಸರ್ಕಾರವೇ ಟೇಪು ಹಿಡಿಯಿತು. 40ರಿಂದ 74 ವಯಸ್ಸಿನವರ ಆರೋಗ್ಯ ತಪಾಸಣೆಯಲ್ಲಿ ಸೊಂಟ ಅಳೆಯುವುದು ಕಡ್ಡಾಯವಾಯಿತು. ಗಂಡಸರಿಗೆ 85 ಸೆಂ.ಮೀ., ಹೆಂಗಸರಿಗೆ 90 ಮಿತಿ. ದಾಟಿದವರಿಗೆ ದಂಡವಿಲ್ಲ, ಸಲಹೆ ಇದೆ. ಆದರೆ 'ಮೆಟಾಬೊ' ಎಂಬ ವೈದ್ಯಕೀಯ ಪದ ಬೀದಿಯಲ್ಲಿ ಗೇಲಿಯ ಮಾತಾಯಿತು.

ಅದೇ ವರ್ಷ ನವೋಮಿ ವತನಾಬೆ ಎಂಬ ಹಾಸ್ಯ ಕಲಾವಿದೆ ಟಿವಿಯಲ್ಲಿ ಬಿಯಾನ್ಸೆಯ ಅನುಕರಣೆ ಮಾಡಿ ಮನೆಮಾತಾದರು. ದಪ್ಪ ಹೆಂಗಸು ತೆರೆಗೆ ಬರುವುದು ನಗಿಸುವುದಕ್ಕೆ ಎಂಬ ಲೆಕ್ಕ ಅಲ್ಲೂ ಇತ್ತು, ನಿಜ. ಆದರೆ ಆಕೆಯ ಕುಣಿತ ಚೆನ್ನಾಗಿತ್ತು.

2013ರಲ್ಲಿ ಬುಂಕಾಶಾ ಪ್ರಕಾಶನ 'ಲಾ ಫಾರ್ಫಾ' ಪತ್ರಿಕೆ ತಂದಿತು. ದಪ್ಪಗಿರುವ ಹೆಂಗಸರಿಗೆಂದೇ ಬಂದ ಫ್ಯಾಷನ್ ಪತ್ರಿಕೆ. ಅದು ಪ್ರಚಾರ ಮಾಡಿದ ಪದ 'ಮಾರ್ಷ್‌ಮೆಲೊ ಹುಡುಗಿ' ನನಗೆ ಹಿಡಿಸುವುದಿಲ್ಲ. ಮತ್ತೆ ಹೆಣ್ಣನ್ನು ತಿನ್ನುವ ಸಿಹಿಗೆ ಹೋಲಿಸಿದ ಹಾಗಾಯಿತು. ಆದರೆ ಅದೇ ಪತ್ರಿಕೆ ಮಾಡೆಲ್‌ಗಳ ಎತ್ತರ, ತೂಕ, ಸೈಜನ್ನು ಚಿತ್ರದ ಪಕ್ಕದಲ್ಲೇ ಅಚ್ಚು ಹಾಕಿತು. ಬಚ್ಚಿಡುತ್ತಿದ್ದ ಅಂಕಿಯೇ ಬಟ್ಟೆ ಆರಿಸುವವಳಿಗೆ ಬೇಕಾದ ಮಾಹಿತಿಯಾಯಿತು. ಮರುವರ್ಷ ವತನಾಬೆ 'ಪುನ್ಯೂಸ್' ಎಂಬ ಸ್ವಂತ ಬ್ರ್ಯಾಂಡ್ ತೆರೆದರು. ದೊಡ್ಡ ಸೈಜಿಗೆಂದು ಬೇರೆ ಮೂಲೆ ಮಾಡದೆ, ಸಣ್ಣವರಿಗೂ ದಪ್ಪಗಿರುವವರಿಗೂ ಅದೇ ಗಾಢ ಬಣ್ಣದ ಬಟ್ಟೆ.

2021ರ ಮಾರ್ಚ್‌ನಲ್ಲಿ ಹೊರಬಿದ್ದ ಸುದ್ದಿ ಇದು: ಟೋಕಿಯೋ ಒಲಿಂಪಿಕ್ಸ್ ಸಮಾರಂಭಗಳ ಮುಖ್ಯ ನಿರ್ದೇಶಕ ಹಿರೋಶಿ ಸಸಾಕಿ ಹಿಂದಿನ ವರ್ಷ ತಂಡದ ಚಾಟ್‌ನಲ್ಲಿ ವತನಾಬೆಗೆ ಹಂದಿಯ ವೇಷ ಹಾಕಿಸೋಣ ಎಂದಿದ್ದರು. ಹೆಸರು 'ಒಲಿಂಪಿಗ್'. ತಂಡದವರೇ ವಿರೋಧಿಸಿದ್ದರಿಂದ ಅದು ಅಲ್ಲೇ ಬಿದ್ದುಹೋಗಿತ್ತು. ಸುದ್ದಿ ಬಂದ ಮೇಲೆ ಸಸಾಕಿ ರಾಜೀನಾಮೆ ಕೊಟ್ಟರು. ಈ ಮೈಕಟ್ಟಿನಲ್ಲೇ ನಾನು ಸಂತೋಷವಾಗಿದ್ದೇನೆ ಎಂದರು ವತನಾಬೆ.

ಸೊಂಟದ ತಪಾಸಣೆ ಈಗಲೂ ನಡೆಯುತ್ತದೆ. ಹೆಂಗಸರ ಮಿತಿ ಇನ್ನೂ 90.