ಅಳಿಸಿದ ಸಾಲುಗಳು

ಕುರಾನ್ ಈಗಿನ ರೂಪಕ್ಕೆ ಬಂದಿದ್ದು ಪ್ರವಾದಿ ತೀರಿಕೊಂಡು ಹೆಚ್ಚುಕಮ್ಮಿ ಇನ್ನೂರು ವರ್ಷದ ಮೇಲೆ ಅಂತ ಲಂಡನ್ನಿನ ವಿದ್ವಾಂಸ ಜಾನ್ ವಾನ್ಸ್‌ಬ್ರೋ 1977ರಲ್ಲಿ ವಾದಿಸಿದರು. ಮೊದಲ ಸಲ ಓದಿದಾಗ ನಾನು ಪೂರ್ತಿ ಒಪ್ಪಿಬಿಟ್ಟಿದ್ದೆ. (ಗಟ್ಟಿಯಾಗಿ ಹೇಳೋರನ್ನ ನಂಬೋದು ನನ್ನ ಹಳೇ ಚಾಳಿ.)

ಆದರೆ ಯೆಮೆನ್ ದೇಶದ ಸನಾ ನಗರದ ದೊಡ್ಡ ಮಸೀದಿಯಲ್ಲಿ, 1972ರ ರಿಪೇರಿ ವೇಳೆ, ಹಳೇ ಚರ್ಮದ ಹಾಳೆಗಳ ರಾಶಿಯೇ ಸಿಕ್ಕಿತ್ತು. ಕೆಲವು ಹಾಳೆಗಳಲ್ಲಿ ಮೊದಲಿನ ಬರಹ ಅಳಿಸಿ ಮೇಲೆ ಇನ್ನೊಂದು ಬರೆದಿದ್ದಾರೆ. ಎರಡೂ ಕುರಾನೇ! ಕೆಳಗಿನದು ಏಳನೇ ಶತಮಾನದ್ದು ಅನ್ನೋದು ಈಗ ಬಹುತೇಕ ತಜ್ಞರ ಮಾತು. ಅಲ್ಲಲ್ಲಿ ಪದ ಬೇರೆ, ಅಧ್ಯಾಯಗಳ ಕ್ರಮ ಬೇರೆ, ಹೂರಣ ಬಹುಪಾಲು ಅದೇ. ಇನ್ನೂರು ವರ್ಷದ ಲೆಕ್ಕ ಅಲ್ಲಿಗೆ ಬಿತ್ತು.

ಪ್ರವಾದಿಯ ಸಂಗಾತಿಗಳ ಪ್ರತಿಗಳಲ್ಲಿ ಇಂಥದ್ದೇ ಪಾಠಭೇದಗಳಿದ್ದವು ಅಂತ ಹಿಂದಿನ ಮುಸ್ಲಿಂ ಪಂಡಿತರೇ ಬರೆದಿಟ್ಟಿದ್ದರು. ವಾನ್ಸ್‌ಬ್ರೋ ಆಮೇಲಿನ ಕಟ್ಟುಕತೆ ಅಂತ ಪಕ್ಕಕ್ಕಿಟ್ಟಿದ್ದು ಅದನ್ನೇ.