ಸ್ವಾಯತ್ತ ನರಮಂಡಲದ ವೈಕಲ್ಯ: ಲಕ್ಷಣದಿಂದ ಕಾರಣಕ್ಕೆ

ಹೃದಯದ ಮಿಡಿತವು ವೇಗಗೊಳ್ಳುವುದು, ಉಂಡ ಅನ್ನವು ಜಠರದಿಂದ ಮುಂದೆ ಸಾಗುವುದು, ಬಿಸಿಲಿನಲ್ಲಿ ಮೈ ಬೆವರುವುದು, ಬೆಳಕಿಗೆ ಕಣ್ಣಿನ ಪಾಪೆ ಕಿರಿದಾಗುವುದು—ಇವು ಯಾವುವೂ ನಮ್ಮ ಇಚ್ಛೆಯನ್ನು ಕೇಳಿ ನಡೆಯತಕ್ಕ ವ್ಯಾಪಾರಗಳಲ್ಲ. ಇವುಗಳನ್ನು ನಿಯಮಿಸುವ ನರಸಮೂಹಕ್ಕೆ ಸ್ವಾಯತ್ತ ನರಮಂಡಲವೆಂದು ಹೆಸರು. ಸ್ವಸ್ಥನಾದವನಿಗೆ ಇದರ ಇರವೇ ಅರಿವಿಗೆ ಬಾರದು. ಕೆಟ್ಟಾಗ ಮಾತ್ರ ಅದರ ಕಾರ್ಯವು ವ್ಯಕ್ತವಾಗುತ್ತದೆ. ಆದಕಾರಣ ಈ ಮಂಡಲದ ಜ್ಞಾನವು ಬಹುಮಟ್ಟಿಗೆ ಅದರ ಭಂಗದಿಂದಲೇ ಲಭಿಸಿತು. ಆ ಚರಿತ್ರೆಯನ್ನೂ, ಅದರಲ್ಲಿ ಹೆಸರುಗಳು ಮಾಡಿದ ಉಪಕಾರಾಪಕಾರಗಳನ್ನೂ ಸಂಗ್ರಹವಾಗಿ ನಿರೂಪಿಸುವುದು ಪ್ರಕೃತ ಲೇಖನದ ಉದ್ದೇಶ.

ಕ್ರಿ. ಶ. 2ನೆಯ ಶತಮಾನದ ಗ್ರೀಕ್ ವೈದ್ಯನಾದ ಗೇಲನನು ಬೆನ್ನೆಲುಬಿನ ಪಕ್ಕದಲ್ಲಿ ಹಾದುಹೋಗುವ ನರರಜ್ಜುವನ್ನೂ ಅದರ ಗ್ರಂಥಿಗಳನ್ನೂ ಕಂಡಿದ್ದನು. ನರಗಳು ಟೊಳ್ಳಾಗಿದ್ದು ಅವುಗಳ ಮೂಲಕ ಪ್ರಾಣದ್ರವ್ಯವು ಸಂಚರಿಸುವುದರಿಂದಲೇ ಒಂದು ಅಂಗದ ವ್ಯಥೆ ಮತ್ತೊಂದಕ್ಕೆ ತಗಲುವುದೆಂದು ಅವನ ಮತ. ಈ ಸಹವೇದನೆಗೆ ಗ್ರೀಕರು ‘ಸಿಂಪಾಥೆಯಾ’ ಎನ್ನುತ್ತಿದ್ದರು. 1664ರಲ್ಲಿ ಇಂಗ್ಲೆಂಡಿನ ಥಾಮಸ್ ವಿಲ್ಲಿಸ್ ಈ ನರವನ್ನು ಪಕ್ಕೆಲುಬುಗಳ ನಡುವಣ ನರವೆಂದು ಸ್ಥಾನಮಾತ್ರದಿಂದ ನಿರ್ದೇಶಿಸಿದನು. 1732ರಲ್ಲಿ ಪ್ಯಾರಿಸಿನ ವಿನ್ಸ್ಲೋ ಅದನ್ನು ‘ಮಹಾ ಸಿಂಪಥೆಟಿಕ್’ ಎಂದು ಕರೆದನು. ಗೇಲನನ ಸಿದ್ಧಾಂತವು ಕಾಲಾಂತರದಲ್ಲಿ ಬಿದ್ದುಹೋಯಿತು. ಅದರಿಂದ ಹುಟ್ಟಿದ ಹೆಸರು ಮಾತ್ರ ಉಳಿದು ಇಂದಿಗೂ ಬಳಕೆಯಲ್ಲಿದೆ.

ಹೆಸರಿನಿಂದ ದೊರೆಯದ ತಿಳಿವಳಿಕೆಯು ಛೇದನದಿಂದ ದೊರೆಯಿತು. 1727ರಲ್ಲಿ ಫ್ರಾನ್ಸಿನ ಪುರ್ಫೂರ್ ದು ಪೆಟಿ ಎಂಬುವನು ನಾಯಿಯ ಕತ್ತಿನಲ್ಲಿ ಈ ನರವನ್ನು ಕತ್ತರಿಸಿದರೆ ಅದೇ ಪಾರ್ಶ್ವದ ಕಣ್ಣಿನ ಪಾಪೆ ಕುಗ್ಗುವುದೆಂದು ತೋರಿಸಿದನು. ನರವು ಮಿದುಳಿನಿಂದ ಕೆಳಗಿಳಿಯುವುದೆಂದು ಆಗಿನವರ ನಂಬಿಕೆ. ಕೆಳಗೆ ಕತ್ತರಿಸಿದ್ದು ಮೇಲಿನ ಕಣ್ಣನ್ನು ಬಾಧಿಸಿದುದರಿಂದ ಪ್ರೇರಣೆಯು ಮೇಲ್ಮುಖವಾಗಿ ಸಾಗುವುದೆಂಬುದು ಸಿದ್ಧವಾಯಿತು. 1851-52ರಲ್ಲಿ ಕ್ಲೋದ್ ಬರ್ನಾರ್ ಮೊಲದಲ್ಲಿ ಇದೇ ನರವನ್ನು ಕತ್ತರಿಸಲು, ಆ ಪಾರ್ಶ್ವದ ಕಿವಿಯು ರಕ್ತದಿಂದ ತುಂಬಿ ಬಿಸಿಯಾಯಿತು. ರಕ್ತನಾಳಗಳನ್ನು ಬಿಗಿಹಿಡಿದಿರುವುದು ನರದ ಕಾರ್ಯವೆಂಬುದು ಇದರಿಂದ ಹೊರಬಿದ್ದಿತು. 1869ರಲ್ಲಿ ಸ್ವಿಟ್ಸರ್‌ಲೆಂಡಿನ ನೇತ್ರವೈದ್ಯನಾದ ಹಾರ್ನರ್, ನಲವತ್ತು ವರ್ಷದ ಸ್ತ್ರೀಯೊಬ್ಬಳಲ್ಲಿ ರೆಪ್ಪೆ ಜೋತುಬಿದ್ದು, ಪಾಪೆ ಕಿರಿದಾಗಿ, ಅದೇ ಪಕ್ಕದ ಮುಖವು ಬೆವರದೆ ಬಿಸಿಯೇರಿದ್ದುದನ್ನು ಕಂಡು, ಇವು ಮೂರು ರೋಗಗಳಲ್ಲ, ಒಂದೇ ನರದ ವೈಕಲ್ಯವೆಂದು ನಿರ್ಣಯಿಸಿದನು.

‘ಆಟೊನಾಮಿಕ್’ ಎಂಬ ಹೆಸರನ್ನು 1898ರಲ್ಲಿ ಕೊಟ್ಟವನು ಕೇಂಬ್ರಿಜ್ಜಿನ ಲ್ಯಾಂಗ್ಲಿ. ಇದಕ್ಕೆ ತನಗೆ ತಾನೇ ವಿಧಿಯಾದದ್ದೆಂದು ಅರ್ಥ. ಈ ನರಗಳು ಮಿದುಳು-ಮಿದುಳುಬಳ್ಳಿಗಳಿಗೆ ಅಧೀನವಾಗಿಯೇ ಇರುವುದರಿಂದ ಈ ಶಬ್ದವು ಇರುವುದಕ್ಕಿಂತ ಹೆಚ್ಚಿನ ಸ್ವಾತಂತ್ರ್ಯವನ್ನು ಸೂಚಿಸುವುದೆಂದು ಅವನೇ ಒಪ್ಪಿದ್ದಾನೆ. ಆದರೂ ಹೊಸ ಭಾವಕ್ಕೆ ಹೊಸ ಶಬ್ದವಿರುವುದು ಅದರ ಯಥಾರ್ಥತೆಗಿಂತ ಮುಖ್ಯವೆಂದು ಅವನ ಅಭಿಪ್ರಾಯ. ನಮ್ಮ ‘ಸ್ವಾಯತ್ತ’ ಶಬ್ದಕ್ಕೂ ಈ ಎಚ್ಚರಿಕೆ ಅನ್ವಯಿಸುತ್ತದೆ. ‘ಆಯತ್ತ’ವೆಂದರೆ ಅಧೀನ, ಸ್ವಾಯತ್ತವೆಂದರೆ ತನಗೆ ಅಧೀನವಾದದ್ದು. ಇಲ್ಲಿ ಅದನ್ನು ‘ಇಚ್ಛೆಗೆ ಅಧೀನವಲ್ಲದ್ದು’ ಎಂದು ಗ್ರಹಿಸಬೇಕೇ ಹೊರತು ‘ಮಿದುಳಿಗೆ ಅಧೀನವಲ್ಲದ್ದು’ ಎಂದಲ್ಲ.

ಈ ಮಂಡಲವೇ ಸೋತಾಗ ಏನಾಗುವುದೆಂಬುದು 1925ರಲ್ಲಿ ಅಮೆರಿಕದ ಬ್ರಾಡ್‌ಬರಿ, ಎಗಲ್‌ಸ್ಟನ್ ಎಂಬ ವೈದ್ಯರು ವರ್ಣಿಸಿದ ಮೂವರು ರೋಗಿಗಳಿಂದ ಸ್ಪಷ್ಟವಾಯಿತು. ಮನುಷ್ಯನು ಎದ್ದು ನಿಂತಾಗ ಅರ್ಧದಿಂದ ಒಂದು ಲೀಟರಿನವರೆಗೆ ರಕ್ತವು ಶರೀರದ ಕೆಳಭಾಗಕ್ಕೆ ಇಳಿಯುತ್ತದೆ. ಕತ್ತಿನ ಹಾಗೂ ಎದೆಯ ಮಹಾಧಮನಿಗಳಲ್ಲಿರುವ ನರಾಗ್ರಗಳು ಒತ್ತಡದ ಇಳಿತವನ್ನು ತಿಳಿಸಲು, ಕ್ಷಣಮಾತ್ರದಲ್ಲಿ ರಕ್ತನಾಳಗಳು ಬಿಗಿಯಾಗಿ ಹೃದಯದ ಗತಿ ಹೆಚ್ಚುತ್ತದೆ. ಆ ರೋಗಿಗಳಲ್ಲಿ ಈ ಪ್ರತಿಕ್ರಿಯೆಯೇ ಇರಲಿಲ್ಲ. ನಿಂತೊಡನೆ ರಕ್ತದ ಒತ್ತಡ ಕುಸಿದು ಮೂರ್ಛೆ ಬರುತ್ತಿತ್ತು; ಒತ್ತಡ ಕುಸಿದರೂ ನಾಡಿಯ ಗತಿ ಏರುತ್ತಿರಲಿಲ್ಲ; ಬೆವರು ಬಾರದುದರಿಂದ ಬೇಸಗೆಯಲ್ಲಿ ಬಾಧೆ ಹೆಚ್ಚಾಗುತ್ತಿತ್ತು. ಮಲಬದ್ಧತೆ, ಮೂತ್ರಾವರೋಧ, ಪುರುಷತ್ವಹಾನಿ, ಅಲ್ಪಾಹಾರದಿಂದಲೇ ಹೊಟ್ಟೆ ತುಂಬಿದಂತಾಗುವುದು—ಇವೂ ಈ ವೈಕಲ್ಯದ ಲಕ್ಷಣಗಳೇ.

ಕಾರಣಗಳು ಒಂದೊಂದಾಗಿ ಆಮೇಲೆ ಬೆಳಕಿಗೆ ಬಂದವು. 1949ರಲ್ಲಿ ರೈಲಿ, ಡೇ ಮೊದಲಾದವರು ಅಳುವಾಗ ಕಣ್ಣೀರು ಬಾರದ, ರಕ್ತದ ಒತ್ತಡ ಸ್ಥಿರವಲ್ಲದ ಯೆಹೂದ್ಯ ಶಿಶುಗಳನ್ನು ವರ್ಣಿಸಿದರು. ಆ ವಂಶಾನುಗತ ರೋಗದ ಮೂಲವಾದ ಜೀನಿನ ದೋಷವು 2001ರಲ್ಲಿ ಗೊತ್ತಾಯಿತು. 1960ರಲ್ಲಿ ಶೈ, ಡ್ರೇಗರ್ ಎಂಬುವರು ಮಿದುಳು-ಮಿದುಳುಬಳ್ಳಿಗಳ ಕೋಶಕ್ಷಯದಿಂದ ಇದು ಸಂಭವಿಸುವುದನ್ನು ತೋರಿಸಿದರು. 2000ದಲ್ಲಿ ಶರೀರದ ಪ್ರತಿಕಾಯಗಳೇ ನರಗ್ರಂಥಿಗಳನ್ನು ಬಾಧಿಸುವ ಪ್ರಕಾರವು ನಿರೂಪಿತವಾಯಿತು. ಇವು ವಿರಳ, ಸಾಮಾನ್ಯವಾದ ಕಾರಣವು ಬಹುಕಾಲದ ಮಧುಮೇಹ. ಪಾರ್ಕಿನ್ಸನ್ ವ್ಯಾಧಿ, ಮಿದುಳುಬಳ್ಳಿಯ ಗಾಯ, ಅತಿಮದ್ಯಪಾನ, ಕೆಲವು ಔಷಧಗಳು ಸಹ ಕಾರಣಗಳಾಗುತ್ತವೆ. ಕುಷ್ಠರೋಗದಲ್ಲಿ ಚರ್ಮದ ನರಗಳು ನಷ್ಟವಾಗಿ ಬೆವರು ನಿಲ್ಲುವುದೂ ಈ ಜಾತಿಯದೇ.

ಈ ಚರಿತ್ರೆಯಿಂದ ಒಂದು ವಿಷಯವು ಸಿದ್ಧವಾಗುತ್ತದೆ. ಮೂರ್ಛೆ, ಬೆವರಿಲ್ಲದಿರುವಿಕೆ, ಮಲಬದ್ಧತೆಗಳನ್ನು ಬೇರೆ ಬೇರೆಯಾಗಿ ಎಣಿಸಿದಷ್ಟು ಕಾಲ ಮೂಲವು ಕಾಣಲಿಲ್ಲ. ಹಾರ್ನರನಂತೆ ಒಟ್ಟುಗೂಡಿಸಿ ನೋಡಿದಾಗ ಕಂಡಿತು. ಇದು ಕೇವಲ ಪಂಡಿತರ ವಿಚಾರವಲ್ಲ. ಇಂಥ ರೋಗಿಯನ್ನು ಮಲಗಿಸಿಯೇ ಪರೀಕ್ಷಿಸಿದರೆ ಒತ್ತಡವು ಸರಿಯಾಗಿಯೋ, ಹೆಚ್ಚಾಗಿಯೋ ತೋರಬಹುದು. ಆಗ ಅವನ ಬೀಳುವಿಕೆಯನ್ನು ಮನೋದೌರ್ಬಲ್ಯವೆಂದು ತಳ್ಳಿಹಾಕುವ ಅಪಾಯವುಂಟು. ಎದ್ದುನಿಂತ ಮೂರು ನಿಮಿಷಗಳೊಳಗೆ ಮೇಲಿನ ಒತ್ತಡವು 20 ಅಥವಾ ಕೆಳಗಿನದು 10 ಮಿಲಿಮೀಟರ್ ಪಾದರಸದಷ್ಟಾದರೂ ಇಳಿಯುವುದೇ ಲಕ್ಷಣವೆಂದು 1996ರಲ್ಲಿ ವೈದ್ಯರು ಏಕಮತದಿಂದ ನಿಶ್ಚಯಿಸಿದುದು ಈ ಕಾರಣದಿಂದಲೇ ಮಹತ್ವದ್ದು. ಇಚ್ಛೆಗೆ ಒಳಪಡದ ವ್ಯಾಪಾರವು ಕೆಟ್ಟದ್ದಕ್ಕೆ ರೋಗಿಯ ಇಚ್ಛಾಶಕ್ತಿಯನ್ನು ದೂಷಿಸುವುದು ನ್ಯಾಯವಲ್ಲವೆಂಬುದನ್ನು, ಸರಿಯಾಗಿ ಗ್ರಹಿಸಿದಲ್ಲಿ, ‘ಸ್ವಾಯತ್ತ’ವೆಂಬ ಶಬ್ದವೇ ತಿಳಿಸುತ್ತದೆ.