ವಿಮಾನವಿಲ್ಲದ ಮೆಟ್ಟಿಲು: ಆಡ್ರಿಯನ್ ಪಾಚಿಯ ಕಿರುಚಿತ್ರ ಮತ್ತು ಓಜೆಯ ಪ್ರಯಾಣಿಕ

ವಿಮಾನನಿಲ್ದಾಣದ ಪರಕೀಯತೆಯ ಚರ್ಚೆಯನ್ನು ಫ್ರೆಂಚ್ ಮಾನವಶಾಸ್ತ್ರಜ್ಞ ಮಾರ್ಕ್ ಓಜೆಯ 1992ರ ಗ್ರಂಥದಿಂದ ಆರಂಭಿಸುವುದು ರೂಢಿ. ಚರಿತ್ರೆಯಾಗಲಿ ನಂಟಾಗಲಿ ಬೇರೂರದ, ಜನ ಹಾದುಹೋಗಲೆಂದೇ ಇರುವ ಹೆದ್ದಾರಿ, ಸೂಪರ್‌ಮಾರ್ಕೆಟ್, ವಿಮಾನನಿಲ್ದಾಣಗಳನ್ನು ಓಜೆ ‘ಸ್ಥಳವಲ್ಲದ ಸ್ಥಳ’ಗಳೆಂದು ಗುರುತಿಸಿದ್ದು ಸುಪರಿಚಿತವಾದುದರಿಂದ ಇಲ್ಲಿ ವಿಸ್ತರಿಸಬೇಕಾಗಿಲ್ಲ. ಅಲ್ಬೇನಿಯಾದ ಶ್ಕೋದರ್‌ನಲ್ಲಿ 1969ರಲ್ಲಿ ಹುಟ್ಟಿ 1997ರಲ್ಲಿ ಇಟಲಿಗೆ ವಲಸೆ ಬಂದ ಕಲಾವಿದ ಆಡ್ರಿಯನ್ ಪಾಚಿಯ ಐದೂವರೆ ನಿಮಿಷದ ಪ್ರಾಯೋಗಿಕ ಚಿತ್ರ ‘ಚೆಂತ್ರೊ ದಿ ಪೆರ್ಮನೆಂತ್ಸಾ ತೆಂಪೊರಾನೆಯಾ’ (2007) ಈ ಪರಿಕಲ್ಪನೆಗೆ ಅನಾಯಾಸವಾಗಿ ಒಗ್ಗುವ ನಿದರ್ಶನದಂತೆ ತೋರಬಹುದಾದರೂ, ಹಾಗೆ ಓದಿದಾಗ ಅದರ ಮುಖ್ಯ ಸಾಕ್ಷ್ಯವೇ ಕೈತಪ್ಪುತ್ತದೆ.

ಚಿತ್ರದಲ್ಲಿ ನಡೆಯುವುದು ಅತ್ಯಲ್ಪ. ವಿಮಾನದ ಬಾಗಿಲಿಗೆ ತಂದು ಆನಿಸುವ ಗಾಲಿಯ ಮೆಟ್ಟಿಲನ್ನು ಜನರು ಸಾಲಾಗಿ ಹತ್ತಿ ನಿಲ್ಲುತ್ತಾರೆ. ಅವರ ಮುಖಗಳ ಸನಿಹ ತಂಗಿದ್ದ ಕ್ಯಾಮೆರಾ ಹಿಂದೆ ಸರಿದಾಗ ಮೆಟ್ಟಿಲಿನ ತುದಿಯಲ್ಲಿ ವಿಮಾನವೇ ಇಲ್ಲವೆಂಬುದು ತಿಳಿಯುತ್ತದೆ, ಅತ್ತ ಬೇರೆ ವಿಮಾನಗಳ ಸಂಚಾರ ಎಂದಿನಂತೆ ಸಾಗಿರುತ್ತದೆ.

ಓಜೆಯ ಗ್ರಂಥಾರಂಭದಲ್ಲಿ ಬರುವ ಕಲ್ಪಿತ ವ್ಯಕ್ತಿ ಪಿಯರ್ ದ್ಯುಪೋಂ ಪ್ಯಾರಿಸ್‌ನ ರ್ವಾಸಿ ನಿಲ್ದಾಣದಲ್ಲಿ ಸಾಮಾನು ಒಪ್ಪಿಸಿ ಬೋರ್ಡಿಂಗ್ ಪಾಸ್ ಪಡೆದ ಮೇಲೆ ಹಗುರಾಗುತ್ತಾನೆ. ಈ ಹಗುರಿನ ಹಿಂದಿರುವ ಅನಾಮಿಕತೆ ಗುರುತನ್ನು ಸಾಬೀತುಪಡಿಸಿದವನಿಗೆ ಮಾತ್ರ ದೊರೆಯುವಂಥದೆಂದು ಓಜೆಯೇ ಸ್ಪಷ್ಟಪಡಿಸಿರುವುದಲ್ಲದೆ, ‘ಸ್ಥಳವಲ್ಲದ ಸ್ಥಳ’ ಶುದ್ಧರೂಪದಲ್ಲಿ ಎಲ್ಲೂ ಇರದೆಂದೂ ಒಪ್ಪಿರುವುದರಿಂದ ಆ ವಿಷಯದಲ್ಲಿ ತಕರಾರಿಗೆ ಎಡೆಯಿಲ್ಲ. ಆದರೆ ಗುರುತನ್ನು ಸಾಬೀತುಪಡಿಸಲಾಗದವರ ಕಾಯುವಿಕೆಗೆ ದ್ಯುಪೋಂನ ಕಥೆಯಲ್ಲಿ ಜಾಗವಿಲ್ಲ. ಪಾಚಿಯ ಚಿತ್ರೀಕರಣ ನಡೆದದ್ದು ಕ್ಯಾಲಿಫೋರ್ನಿಯಾದ ಸ್ಯಾನ್ ಹೋಸೆಯಲ್ಲಿ. ಶೀರ್ಷಿಕೆಯಾದರೋ, ದಾಖಲೆಪತ್ರಗಳಿಲ್ಲದ ವಿದೇಶೀಯರನ್ನು ಗಡೀಪಾರಿಗೆ ಮುನ್ನ ಕೂಡಿಡಲು ಇಟಲಿಯ 1998ರ ವಲಸೆ ಕಾನೂನು ಸ್ಥಾಪಿಸಿದ ‘ತಾತ್ಕಾಲಿಕ ವಾಸ್ತವ್ಯ ಕೇಂದ್ರ’ಗಳ ಆಗಿನ ಅಧಿಕೃತ ಹೆಸರು. ಅಲ್ಲಿ ಒಬ್ಬರನ್ನು ಇರಿಸಿಕೊಳ್ಳಬಹುದಾದ ಗರಿಷ್ಠ ಅವಧಿಯನ್ನು 2002ರ ಕಾನೂನು 30 ದಿನಗಳಿಂದ 60ಕ್ಕೆ ಏರಿಸಿತು. ತಾತ್ಕಾಲಿಕತೆಯೂ ಹಿಗ್ಗಬಲ್ಲದೆಂಬುದಕ್ಕೆ ಶಾಸನದ ಪುರಾವೆ ಬೇಕಿದ್ದರೆ ಇದು ಸಾಕು.

ಆದುದರಿಂದ ಚಿತ್ರ ತೋರುವ ಪರಕೀಯತೆ ಪ್ರಯಾಣದ ಫಲವೆನ್ನುವುದಕ್ಕಿಂತ, ಪ್ರಯಾಣಿಕರೆಂದು ಪರಿಗಣಿತರಾಗದಿರುವುದರ ಫಲವೆನ್ನುವುದು ಹೆಚ್ಚು ಸಮಂಜಸವೆನಿಸುತ್ತದೆ. ಈ ಮಾತಿಗೆ ಮಿತಿಗಳುಂಟು. ಮೆಟ್ಟಿಲ ಮೇಲಿರುವವರು ಹೊರಟವರೋ ಹೊರದೂಡಲ್ಪಡುವವರೋ ಎಂಬುದನ್ನು ದೃಶ್ಯಗಳಷ್ಟೇ ನಿರ್ಧರಿಸಲಾರವು. ಶೀರ್ಷಿಕೆಯನ್ನು ಬದಿಗಿಟ್ಟರೆ ವಾದದ ಬಲ ಬಹುಮಟ್ಟಿಗೆ ಕುಗ್ಗುತ್ತದೆಯೆಂಬುದನ್ನೂ ಒಪ್ಪಬೇಕು. ಹಾಗಿದ್ದರೂ ಕ್ಯಾಮೆರಾ ಮುಖಗಳಿಗೆ ಕೊಡುವ ಬಿಡುವು ಅನಾಮಿಕತೆಯ ವ್ಯಾಖ್ಯಾನಕ್ಕೆ ಸುಲಭವಾಗಿ ಹೊಂದುವುದಿಲ್ಲ.

ವಿಮಾನದ ಗೈರು ತಡವಾಗಿ ಬಯಲಾಗುವ ಕ್ರಮವನ್ನು ಈ ಓದು ಬಹಳವಾಗಿ ನೆಚ್ಚಿದೆ. ಗ್ಯಾಲರಿಗಳಲ್ಲಾದರೆ ಇಂಥ ವಿಡಿಯೊಗಳು ಸಾಮಾನ್ಯವಾಗಿ ನಿಲ್ಲದೆ ಮರಳಿ ಮರಳಿ ಓಡುವುದರಿಂದ, ನಡುವೆ ಒಳಬಂದ ನೋಡುಗರಿಗೆ ಬರಿಯ ಮೆಟ್ಟಿಲೇ ಮೊದಲು ಕಂಡು ಮುಖಗಳು ಆಮೇಲೆ ಕಾಣಬಹುದು. ಆ ಅನುಕ್ರಮದಲ್ಲಿ ಇದೇ ವಾದ ಎಷ್ಟರಮಟ್ಟಿಗೆ ನಿಂತೀತೆಂಬುದು ಇನ್ನೂ ಪರಿಶೀಲನೆಯಾಗಬೇಕಾಗಿದೆ.